ಯುಗಾದಿಗೆ ಕಾದ ಗಾಡಿ

ನಮ್ಮವ್ವನಿಗೆ ಪಂಚಾಂಗ ಓದಲು ಬರುತ್ತಿರಲಿಲ್ಲ. ಆದರೆ ಅದನ್ನು ಬರೆದವರಿಗಿಂತ ಗಟ್ಟಿಯಾಗಿ ನಂಬುತ್ತಿದ್ದಳು. ಒಂಟಿಕೊಪ್ಪಲಿನ ಬಾಡಿಗೆ ಮನೆಯಲ್ಲಿ ಹಾಲು ಉಕ್ಕಿಸಿದ್ದರಿಂದ ಹಿಡಿದು ನನ್ನನ್ನು ಟೈಪಿಂಗ್ ಕ್ಲಾಸಿಗೆ ಸೇರಿಸುವವರೆಗೆ ಪ್ರತಿಯೊಂದಕ್ಕೂ ಅವಳದೊಂದು ದಿನ ಇರುತ್ತಿತ್ತು. ಆಷಾಢ ಬೇಡ, ಪುಷ್ಯ ಬೇಡ, ಮಂಗಳವಾರ ಬೇಡ, ಅಮಾವಾಸ್ಯೆ ಹತ್ತಿರವಿದ್ದರೆ ಬೇಡವೇ ಬೇಡ. "ಹಿಂಗೆ ಎಲ್ಲ ಬೇಡ ಅಂದ್ರೆ ವರ್ಷದಲ್ಲಿ ಉಳಿಯೋದೇನವ್ವ?" ಎಂದು ನಾನು ರೇಗಿಸಿದರೆ, "ಯುಗಾದಿ ಉಳೀತದಲ್ಲ, ಸಾಕು" ಎನ್ನುತ್ತಿದ್ದಳು. ಯುಗಾದಿಯ ದಿನಕ್ಕೆ ಮುಹೂರ್ತ ಕೇಳಬೇಕಾಗಿಲ್ಲ, ಅಂದು ಶುರು ಮಾಡಿದ ಕೆಲಸ ಕೆಡುವುದಿಲ್ಲ ಎಂಬುದು ಅವಳ ಮಾತು. ಆ ಮಾತಿನ ಮೇಲೆ ನನಗೆ ಈಗಲೂ ಸಿಟ್ಟಿದೆ. ಅವ್ವ ಹೋಗಿ ವರ್ಷಗಳಾದರೂ ಸಿಟ್ಟು ಹೋಗಿಲ್ಲ.

ಅಪ್ಪ ತೀರಿಹೋದಾಗ ನಾನಿನ್ನೂ ಲಂಗ ತೊಡುತ್ತಿದ್ದವಳು. ಮನೆ ನಡೆಸಿದವನು ಅಣ್ಣ. ತೊಂಬತ್ತರ ದಶಕ ಪೂರ್ತಿ ಅವನು ಮೃಗಾಲಯದ ಎದುರಿನ ಸ್ಟ್ಯಾಂಡಿನಲ್ಲಿ ಇನ್ನೊಬ್ಬರ ಟೂರಿಸ್ಟ್ ವ್ಯಾನ್ ಓಡಿಸಿದ. ಅರಮನೆ, ಬೆಟ್ಟ, ನಂಜನಗೂಡು, ಊಟಿ, ಮತ್ತೆ ಅರಮನೆ. ಮಾಲೀಕರು ಕೆಟ್ಟವರೇನಲ್ಲ. ಆದರೆ ಊರಿಗೆಲ್ಲ ಹಬ್ಬವಾದ ದಿನವೇ ಅವರಿಗೆ ಬಾಡಿಗೆ ಜಾಸ್ತಿ. ಹಾಗಾಗಿ ದಸರಾ ಬಂದರೆ ಅಣ್ಣ ಊರವರಿಗೆಲ್ಲ ದೀಪಾಲಂಕಾರ ತೋರಿಸುತ್ತಿದ್ದ, ನಾವು ಮನೆಯಲ್ಲಿ ಕೂತು ಟೀವಿಯಲ್ಲಿ ಮೆರವಣಿಗೆ ನೋಡುತ್ತಿದ್ದೆವು. ನಾನು ಹುಡುಗಿಯಾಗಿದ್ದಾಗಿನಿಂದಲೂ ಅವನದು ಒಂದೇ ಮಾತು. "ಸ್ವಂತ ಗಾಡಿ ಆಗ್ಲಿ ಕಣೇ. ದಸರಾದಲ್ಲಿ ಮೊದಲ್ನೇ ಟ್ರಿಪ್ಪು ನಮ್ಮನೆಯೋರ್ದೇ."

ಆ ಸ್ವಂತ ಗಾಡಿ ನಿಜಕ್ಕೂ ಬಂತು. ಕಾರ್ತೀಕದಲ್ಲಿ, ಒಳ್ಳೆಯ ದಿನ ನೋಡಿಯೇ, ಅಣ್ಣ ಚಾಸಿ ಕೊಂಡುತಂದ. ಚಾಸಿ ಎಂದರೆ ಎಂಜಿನ್ನು, ನಾಲ್ಕು ಚಕ್ರ, ಸ್ಟೀರಿಂಗು ಅಷ್ಟೇ. ಮೇಲೆ ಸೂರಿಲ್ಲ, ಸುತ್ತ ಗೋಡೆಯಿಲ್ಲ. ಹಲಗೆಯ ಮೇಲೆ ಕೂತು ತಲೆಗೆ ಟವೆಲ್ ಸುತ್ತಿಕೊಂಡು ಅಣ್ಣ ಅದನ್ನು ಮನೆ ಮುಂದೆ ತಂದು ನಿಲ್ಲಿಸಿದಾಗ, ಮದುವೆಯಾದಂದಿನಿಂದ ಅತ್ತೆಯ ಎದುರು ಜೋರಾಗಿ ನಗದಿದ್ದ ಅತ್ತಿಗೆ ಕೂಡ ನಕ್ಕುಬಿಟ್ಟಳು. "ಇದೇನತ್ತೆ, ಬರೀ ಮೂಳೆ ಬಂದಿದೆ, ಮೈಯೇ ಇಲ್ಲ." ಅವ್ವ ನಗಲಿಲ್ಲ. ಆರತಿ ತಟ್ಟೆ ತಂದಳು, ವಿಭೂತಿ ಹಚ್ಚಿದಳು, ಬರಿಮೈಯ ಎಂಜಿನ್ನಿಗೆ ದೃಷ್ಟಿ ತೆಗೆದಳು. ಆ ಗಾಡಿಗೆ ಸೇರಿದ ಹಣದಲ್ಲಿ ಅವ್ವನ ಕೊರಳಿನ ಸರವೂ ಇತ್ತು. ಅಣ್ಣ ಅದನ್ನು ಎಂದೂ ಮರೆಯಲಿಲ್ಲ, ಮುಂದಿನದಕ್ಕೆಲ್ಲ ಅದೂ ಒಂದು ಕಾರಣ.

ಬಾಡಿ ಕಟ್ಟಲು ಗಾಡಿ ಉದಯಗಿರಿಯ ಒಂದು ಷೆಡ್ಡಿಗೆ ಹೋಯಿತು. ಇಂಥ ಕೆಲಸ ತಿಂಗಳುಗಟ್ಟಲೆ ಹಿಡಿಯುತ್ತದೆ. ಮರದ ಚೌಕಟ್ಟು, ಅದರ ಮೇಲೆ ತಗಡು, ಆಮೇಲೆ ಕಿಟಕಿ, ಸೀಟು, ಪೇಂಟು. ಮೇಸ್ತ್ರಿ ಒಳ್ಳೆಯ ಕೆಲಸಗಾರ, ಆದರೆ ಅವಸರ ಅವನ ಜಾತಕದಲ್ಲೇ ಇರಲಿಲ್ಲ. ಅಣ್ಣ ಬಾಡಿಗೆ ಇಲ್ಲದ ದಿನಗಳಲ್ಲಿ ಅಲ್ಲೇ ಬಿದ್ದಿರುತ್ತಿದ್ದ. ಸೀಟಿನ ರೆಕ್ಸಿನ್ ಬಣ್ಣಕ್ಕೆ ಅತ್ತಿಗೆಯನ್ನು ಕರೆದುಕೊಂಡು ಹೋಗಿ ಆರಿಸಿದ. ಪುಟ್ಟ ಮಗಳನ್ನು ಕಿಟಕಿಯ ಪಕ್ಕ ಕೂರಿಸಿ, ಅವಳ ಗಲ್ಲ ಸರಿಯಾಗಿ ಎಲ್ಲಿಗೆ ಬರುತ್ತದೆಂದು ನೋಡಿ ಅಡ್ಡಪಟ್ಟಿ ಹಾಕಿಸಿದ. ಮುಂದಿನ ಗಾಜಿನ ಮೇಲೆ ಏನು ಬರೆಸಬೇಕೆಂದು ಮಾತ್ರ ಯಾರನ್ನೂ ಕೇಳಲಿಲ್ಲ. ಮಾರ್ಚ್ ತಿಂಗಳಲ್ಲಿ ನಾವೆಲ್ಲ ನೋಡಲು ಹೋದಾಗ ಗಾಜಿನ ಮೇಲೆ ಹಳದಿ ಅಕ್ಷರದಲ್ಲಿ "ಅವ್ವನ ಆಶೀರ್ವಾದ" ಎಂದಿತ್ತು. ಅವ್ವನಿಗೆ ಓದಿ ಹೇಳಿದವಳು ನಾನು. ಅವಳು ಸೆರಗಿನಿಂದ ಗಾಜು ಒರೆಸಿದಳು, ಅಲ್ಲಿ ಧೂಳೇ ಇರಲಿಲ್ಲ.

ಆಗ ನಾನು ಕೋರ್ಟಿನ ಹತ್ತಿರ ಒಬ್ಬ ವಕೀಲರ ಆಫೀಸಿನಲ್ಲಿ ಟೈಪಿಸ್ಟ್. ದೆಹಲಿಯ ಹೊಗೆಯ ಬಗ್ಗೆ ಸುಪ್ರೀಂ ಕೋರ್ಟು ಕಟ್ಟುನಿಟ್ಟು ಮಾಡಿದ ಸುದ್ದಿ ಹಿಂದಿನ ವರ್ಷವೇ ಪೇಪರಿನಲ್ಲಿ ಬಂದಿತ್ತು. ದೆಹಲಿಯ ಹೊಗೆ ದೆಹಲಿಗೆ, ನಮಗೇನು ಎಂದುಕೊಂಡಿದ್ದೆವು. ಆದರೆ ಹೊಸ ನಿಯಮ ಇಲ್ಲಿಗೂ ಬಂತು. ಏಪ್ರಿಲ್ ಒಂದರಿಂದ ರಸ್ತೆಗಿಳಿಯುವ ಹೊಸ ಗಾಡಿಗಳೆಲ್ಲ ಕಡಿಮೆ ಹೊಗೆಯ ಹೊಸ ಎಂಜಿನ್ನಿನವೇ ಆಗಿರಬೇಕು. ನಿಯಮ ತಪ್ಪೆಂದು ನಾನು ಹೇಳಲಾರೆ. ಸಂಜೆ ಬಸ್ ಸ್ಟ್ಯಾಂಡಿನ ಹತ್ತಿರ ಮೂಗಿಗೆ ಸೆರಗು ಹಿಡಿಯದೆ ನಡೆದವರು ಯಾರು? ನಮ್ಮ ವಕೀಲರು ಮಾತ್ರ ನನ್ನನ್ನು ಕರೆದು ಹೇಳಿದರು. "ನಿಮ್ಮಣ್ಣನ ಗಾಡಿ ರೆಡಿ ಆಗಿದ್ರೆ ಮಾರ್ಚ್ ಮುಗಿಯೋದ್ರೊಳಗೆ ಆರ್‌ಟಿಓ ಕಚೇರಿಗೆ ಒಯ್ದು ತೋರ್ಸಿಬಿಡೋಕೆ ಹೇಳಮ್ಮ. ಆಮೇಲೆ ಏನು ಅರ್ಥ ಮಾಡ್ತಾರೋ ಗೊತ್ತಿಲ್ಲ."

ಆ ಸಂಜೆಯೇ ಮನೆಯಲ್ಲಿ ಹೇಳಿದೆ. ಗಾಡಿ ರೆಡಿ ಇತ್ತು. ಬಾಗಿಲಿನ ಒಂದು ಹಿಡಿ ಬಿಟ್ಟರೆ ಬೇರೇನೂ ಬಾಕಿ ಇರಲಿಲ್ಲ. ಅಣ್ಣ ಸೋಮವಾರವೇ ಹೋಗೋಣ ಎಂದ. ಅವ್ವ ಅಡುಗೆ ಮನೆಯಿಂದ ಬಂದು ಬಾಗಿಲಲ್ಲಿ ನಿಂತಳು.

"ಸೋಮವಾರ ಯಾಕೋ? ಯುಗಾದಿ ಇನ್ನೇನು ಬಂತು. ಅಮಾಸೆ ಮುಂದಿಟ್ಕೊಂಡು ಹೊಸ ಗಾಡಿ ರಸ್ತೆಗೆ ಇಳಿಸ್ತಾರಾ ಯಾರಾದ್ರೂ?"

"ಅವ್ವ, ಯುಗಾದಿ ಹೊತ್ತಿಗೆ ಕಾನೂನು ಬದಲಾಗ್ತದಂತೆ," ಎಂದೆ ನಾನು.

"ಕಾನೂನು ಹೊಸ ಗಾಡಿಗಲ್ವೇನೇ? ನಮ್ದು ಕಾರ್ತೀಕದಲ್ಲಿ ಕೊಂಡಿದ್ದು. ದುಡ್ಡು ಕೊಟ್ಟಾಯ್ತು, ಮನೆಗೆ ಬಂದಾಯ್ತು, ಆರತಿ ಎತ್ತಾಯ್ತು. ಇನ್ನು ನಂಬರ್ ಬರೆಸೋದು ತಾನೆ? ಹುಟ್ಟಿದ ಮಗೂಗೆ ಹೆಸರು ಇವತ್ತು ಇಟ್ರೇನು, ಹದಿನೈದು ದಿನ ಬುಟ್ಟು ಇಟ್ರೇನು? ಹೆಸರಿಟ್ಟಿಲ್ಲ ಅಂತ ಮಗು ನಮ್ದಲ್ಲ ಅನ್ನಕ್ಕಾಯ್ತದಾ?"

ನಾನು ವಾದ ಮಾಡುವುದರಲ್ಲಿ ಹಿಂದೆ ಬಿದ್ದವಳಲ್ಲ, ಆದರೆ ಈ ಮಾತು ನನಗೂ ಸರಿಯೆನಿಸಿತು. ಕೊಂಡದ್ದು ಎಂದರೆ ಕೊಂಡದ್ದೇ ಅಲ್ಲವೇ? ಷೆಡ್ಡಿನ ಮೇಸ್ತ್ರಿ ಕೂಡ ಅಣ್ಣನಿಗೆ ಹೇಳಿದನಂತೆ. "ಹಬ್ಬ ಆಮೇಲೆ ಮಾಡ್ಕೊಳ್ಳಿ ಅಣ್ಣ, ಮೊದಲು ಗಾಡಿ ತೋರ್ಸಿಬುಡಿ." ಅಣ್ಣ ಎರಡು ದಿನ ಷೆಡ್ಡಿಗೂ ಮನೆಗೂ ಓಡಾಡಿದ. ಮೂರನೆಯ ದಿನ ಊಟಕ್ಕೆ ಕೂತಾಗ, "ಯುಗಾದಿಗೇ ಆಗ್ಲಿ ಬುಡವ್ವ," ಎಂದ. ಅವನ ಕಣ್ಣು ಅವ್ವನ ಬರಿಗೊರಳಿನ ಮೇಲಿತ್ತು.

ಆ ವರ್ಷ ಯುಗಾದಿ ಏಪ್ರಿಲ್ ತಿಂಗಳ ಮೊದಲ ವಾರದಲ್ಲಿ ಬಂತು. ಷೆಡ್ಡಿನಲ್ಲೇ ಗಾಡಿಗೆ ಮಾವಿನ ತೋರಣ ಕಟ್ಟಿದೆವು. ಮೇಸ್ತ್ರಿಗೂ ಅವನ ಕೆಲಸಗಾರರಿಗೂ ಬೇವು-ಬೆಲ್ಲ ಕೊಟ್ಟೆವು. ಹಬ್ಬದ ದಿನ ಕಚೇರಿಗೆ ರಜೆ, ಹಾಗಾಗಿ ಮಾರನೆಯ ದಿನ ಬೆಳಿಗ್ಗೆ ಅಣ್ಣ ಗಾಡಿಯನ್ನು ಆರ್‌ಟಿಓ ಕಚೇರಿಗೆ ಒಯ್ದ. ಚಾಸಿ ಕೊಂಡಾಗ ಸಿಕ್ಕಿದ್ದು ತಾತ್ಕಾಲಿಕ ನಂಬರು, ಬಾಡಿ ಕಟ್ಟುವವರೆಗೆ ಮಾತ್ರ. ಖಾಯಂ ನಂಬರು ಸಿಗದೆ ಗಾಡಿಯನ್ನು ದುಡಿಮೆಗೆ ಹಚ್ಚುವಂತಿಲ್ಲ. ನಾನೂ ರಜೆ ಹಾಕಿ ಜೊತೆಗೆ ಹೋಗಿದ್ದೆ.

ಗಾಡಿ ಪರೀಕ್ಷೆ ಮಾಡುವ ಬ್ರೇಕ್ ಇನ್‌ಸ್ಪೆಕ್ಟರು ಮರ್ಯಾದಸ್ಥರು. ಗಾಡಿಯ ಸುತ್ತ ಬಂದರು, ಬಾಗಿಲು ತೆಗೆದು ಹಾಕಿ ನೋಡಿದರು, "ಕೆಲಸ ಚೆನ್ನಾಗಿದೆ ಕಣ್ರೀ" ಎಂದರು. ಅಣ್ಣನ ಮುಖ ಅರಳಿತು. ಆಮೇಲೆ ಅವರು ಎಂಜಿನ್ನಿನ ಕಾಗದ ತಿರುವಿ ನೋಡಿದರು.

"ಇದು ಹಳೇ ಎಂಜಿನ್ನು ಕಣ್ರೀ. ಒಂದನೇ ತಾರೀಖಿನಿಂದ ಇದನ್ನ ರಿಜಿಸ್ಟರ್ ಮಾಡೋ ಹಾಗಿಲ್ಲ."

"ಕೊಂಡಿದ್ದು ಕಾರ್ತೀಕದಲ್ಲಿ ಸಾರ್."

"ಅದೇ ಈಗ ತಕರಾರಾಗಿರೋದು. ಕೊಂಡ ತಾರೀಖು ನೋಡ್ಬೇಕೋ, ನಮ್ಮ ಹತ್ರ ಬಂದ ತಾರೀಖು ನೋಡ್ಬೇಕೋ ಅಂತ. ನಿಮ್ಮಂಥೋರು ಕೆಲವರು ಹೈಕೋರ್ಟಿಗೆ ಹೋಗಿದ್ದಾರೆ. ತೀರ್ಪು ಬರ್ಲಿ, ನಾನೇ ಕರೆದು ಮಾಡಿಕೊಡ್ತೀನಿ."

ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ ಎನ್ನುತ್ತಾರಲ್ಲ, ಹಾಗಾಯಿತು. ಗಾಡಿಯನ್ನು ಮತ್ತೆ ಉದಯಗಿರಿಗೆ ಒಯ್ದು ಷೆಡ್ಡಿನ ಹಿಂದೆ ಟಾರ್ಪಾಲು ಹೊದಿಸಿ ನಿಲ್ಲಿಸಿದೆವು. ಅಣ್ಣ ಮತ್ತೆ ಮೃಗಾಲಯದ ಎದುರಿಗೆ, ಮತ್ತೆ ಇನ್ನೊಬ್ಬರ ವ್ಯಾನಿಗೆ. ಭಾನುವಾರಗಳಂದು ಹೋಗಿ ಎಂಜಿನ್ನು ಹಿಡಿದುಕೊಳ್ಳದಿರಲೆಂದು ಸ್ವಲ್ಪ ಹೊತ್ತು ಸ್ಟಾರ್ಟ್ ಮಾಡಿ ಬರುತ್ತಿದ್ದ. ಮಗಳೂ ಜೊತೆಗೆ ಹೋಗುತ್ತಿದ್ದಳು. ನಿಂತ ಗಾಡಿಯಲ್ಲೇ ತನ್ನ ಕಿಟಕಿಯ ಪಕ್ಕ ಕೂತು, ಬೆಟ್ಟ ಬಂತು, ಅರಮನೆ ಬಂತು ಎಂದು ಕೂಗುತ್ತಿದ್ದಳಂತೆ. ಇದನ್ನು ಅತ್ತಿಗೆ ಹೇಳಿದಾಗ ನನಗೆ ಅಳು ಬಂತು, ಅವಳಿಗೂ ಬಂತು.

ಅವ್ವ ಇಳಿದುಹೋದಳು. ಬಾಯಲ್ಲಿ ಮಾತ್ರ "ಕೊಂಡಿದ್ದೇ ಲೆಕ್ಕ, ನೋಡ್ತಿರು" ಎಂಬ ಜೋರು ಹಾಗೇ ಇತ್ತು. ಆದರೆ ಮುದ್ದೆ ಮುರಿದು ತಟ್ಟೆಯಲ್ಲೇ ಬಿಡುತ್ತಿದ್ದಳು. ಸೋಮವಾರ ಒಪ್ಪತ್ತು ಹಿಡಿದಳು, ಆಮೇಲೆ ಗುರುವಾರವೂ ಹಿಡಿದಳು. ಮಠಕ್ಕೆ ಹೋದರೆ ಗದ್ದುಗೆಯ ಮುಂದೆ ಬಹಳ ಹೊತ್ತು ಕೂತಿರುತ್ತಿದ್ದಳು. ನಾನು ಆಫೀಸಿನಿಂದ ಬಂದ ಕೂಡಲೇ ಮುಖ ನೋಡುತ್ತಿದ್ದಳು. ದಸರಾ ಬಂತು, ಹೋಯಿತು. ಆ ವರ್ಷ ನಾವು ಟೀವಿಯನ್ನೂ ಹಾಕಲಿಲ್ಲ.

ತೀರ್ಪು ಬಂದದ್ದು ದೀಪಾವಳಿ ಕಳೆದ ಮೇಲೆ. ನಮ್ಮ ವಕೀಲರು ಬೆಂಗಳೂರಿನಿಂದ ಪ್ರತಿ ತರಿಸಿ, ಓದಿ, ನನ್ನ ಮುಂದಿಟ್ಟರು. ಇಂಗ್ಲಿಷಿನಲ್ಲಿ ಉದ್ದಕ್ಕೆ ಏನೇನೋ ಇತ್ತು, ಸಾರ ಮಾತ್ರ ಸರಳ. ಕೊಂಡ ದಿನ ಲೆಕ್ಕಕ್ಕಿಲ್ಲ. ಮಾರ್ಚ್ ಮುಗಿಯುವ ಮೊದಲು ಗಾಡಿಯನ್ನು ಕಚೇರಿಗೆ ತಂದು ಅರ್ಜಿ ಕೊಟ್ಟವರಿಗೆಲ್ಲ ನಂಬರು ಕೊಡಬೇಕು. ಆಮೇಲೆ ಬಂದವರಿಗೆ ಇಲ್ಲ.

ಅಲ್ಲಿಯವರೆಗೆ ನಮ್ಮ ಕಷ್ಟಕ್ಕೆ ಸರ್ಕಾರ ಕಾರಣವಾಗಿತ್ತು, ಕಾನೂನು ಕಾರಣವಾಗಿತ್ತು, ನಮ್ಮ ಗ್ರಹಚಾರ ಕಾರಣವಾಗಿತ್ತು. ಆ ಹಾಳೆ ಓದಿದ ಮೇಲೆ ಕಾರಣ ನಮ್ಮ ಮನೆಯೊಳಗೇ ಇದೆ ಎಂದಾಯಿತು. ಅಣ್ಣ ಹೇಳಿದ ಆ ಸೋಮವಾರ ಹೋಗಿದ್ದರೆ ಸಾಕಾಗಿತ್ತು.

ಮಧ್ಯಾಹ್ನದ ಊಟ ಬಿಟ್ಟು ಆಟೋ ಹಿಡಿದು ಮೃಗಾಲಯದ ಸ್ಟ್ಯಾಂಡಿಗೆ ಹೋದೆ. ಅಣ್ಣ ವ್ಯಾನಿನ ನೆರಳಲ್ಲಿ ಕೂತು ಕಡಲೆಕಾಯಿ ಬಿಡಿಸುತ್ತಿದ್ದ. ನಾನು ನಿಂತುಕೊಂಡೇ ಎಲ್ಲ ಹೇಳಿದೆ. ಅವನು ಸಿಪ್ಪೆಯನ್ನೆಲ್ಲ ಒಂದು ಕಾಗದಕ್ಕೆ ಗುಡಿಸಿಕೊಂಡ, ಎದ್ದು ಹೋಗಿ ತೊಟ್ಟಿಗೆ ಹಾಕಿ ಬಂದ. ನಂತರ ಕೇಳಿದ ಮೊದಲ ಮಾತು, "ಅವ್ವಂಗೆ ಹೇಳಿದ್ಯಾ?"

"ಇಲ್ಲ. ಇನ್ನು ಹೇಳ್ತೀನಿ."

"ಹೇಳ್ಬೇಡ. ಮಾರ್ಚಲ್ಲೇ ಹೋಗಿದ್ರೂ ಈ ಎಂಜಿನ್ನಿಗೆ ಆಗ್ತಿರ್ಲಿಲ್ವಂತೆ, ಕೋರ್ಟು ಹಂಗಂದದೆ ಅಂದ್ಬುಡು."

"ಹಂಗಂದ್ರೆ ತಪ್ಪು ನಿನ್ನ ತಲೆಗೆ ಬರ್ತದೆ ಕಣಣ್ಣ. ಆಗದಿರೋ ಗಾಡಿ ಯಾಕೆ ಕೊಂಡೆ ಅಂತಾರೆ."

"ಬರ್ಲಿ ಬುಡು. ನನ್ನ ತಲೆ ಗಟ್ಟಿ ಇದೆ. ಅವ್ವ ಈ ಆರು ತಿಂಗಳಲ್ಲೇ ಅರ್ಧ ಆಗವ್ಳೆ. ಇದು ತನ್ನಿಂದ ಅಂತ ಗೊತ್ತಾದ್ರೆ ಉಳಿಯಾಕಿಲ್ಲ."

ನನ್ನ ಕೈ ಹಿಡಿದು ಭಾಷೆ ತೆಗೆದುಕೊಂಡ. ನಾನು ಕೊಟ್ಟೆ. ಅವನು ಹೇಳಿದ್ದು ನಿಜವೆಂದು ನನಗೂ ಕಾಣುತ್ತಿತ್ತು.

ಸಂಜೆ ಮನೆಗೆ ಬಂದು ಅವನು ಹೇಳಿಕೊಟ್ಟಂತೆಯೇ ಹೇಳಿದೆ. ಅವ್ವ ಗೋಡೆಗೆ ಒರಗಿ ಕೂತು ಕೇಳಿದಳು. "ಮೊದಲೇ ಹೋಗಿದ್ರೂ ಆಗ್ತಿರ್ಲಿಲ್ವಾ?" ಎಂದಳು. "ಇಲ್ಲ" ಎಂದೆ. "ಯುಗಾದಿಗೆ ಕಾದಿದ್ರಿಂದ ಅಲ್ವಾ?" "ಅಲ್ಲ" ಎಂದೆ. ಅವಳು ಕಣ್ಣುಮುಚ್ಚಿ ಶಿವ ಶಿವ ಎಂದಳು. ಬೆನ್ನು ನೆಟ್ಟಗಾದದ್ದು ನನಗೆ ಕಂಡಿತು. ಎಷ್ಟೋ ತಿಂಗಳಾದ ಮೇಲೆ ಅವತ್ತು ಹೊಟ್ಟೆ ತುಂಬ ಉಂಡಳು. ಅಣ್ಣ ಅದನ್ನೇ ನೋಡುತ್ತ ಕೂತಿದ್ದ. ಅವ್ವ ಕೈ ತೊಳೆದು ಬಂದವಳು ಅವನ ಕಡೆ ತಿರುಗಿ, "ಅಲ್ಲ ಕಣೋ, ಹಂಗಿದ್ರೆ ಕೊಳ್ಳೋವಾಗ್ಲೇ ನಾಕು ಜನರನ್ನ ವಿಚಾರಿಸ್ಬಾರ್ದಿತ್ತಾ? ನನ್ನ ಸರ ನೀರಿಗೆ ಹಾಕ್ಬುಟ್ಯಲ್ಲ," ಎಂದಳು.

"ಹೂಂ ಕಣವ್ವ. ಗೊತ್ತಾಗ್ಲಿಲ್ಲ," ಎಂದ ಅಣ್ಣ.

ಗಾಡಿಯನ್ನು ಮಂಡಕಳ್ಳಿಯ ಆಚೆ ನಂಜನಗೂಡು ರಸ್ತೆಯ ಒಂದು ಕಾರ್ಖಾನೆಯವರು ಕೊಂಡರು. ಕಾಂಪೌಂಡಿನ ಒಳಗೇ, ಗೇಟಿನಿಂದ ಷೆಡ್ಡಿಗೆ ಆಳುಗಳನ್ನು ಸಾಗಿಸಲು. ರಸ್ತೆಗೆ ಬರದ ಗಾಡಿಗೆ ನಂಬರು ಕೇಳುವವರಿಲ್ಲ. ನಂಜನಗೂಡಿಗೆ ಪ್ರವಾಸಿಗರನ್ನು ಒಯ್ಯುವಾಗ ಅಣ್ಣನಿಗೆ ಗೋಡೆಯ ಮೇಲಿನಿಂದ ಅದರ ತಲೆ ಕಾಣುತ್ತಿತ್ತಂತೆ. ಒಂದು ಸಲ ನಾನೂ ಅವನ ಪಕ್ಕ ಕೂತಿದ್ದೆ. ಗೇಟು ತೆರೆದಿತ್ತು. ನಮ್ಮ ಗಾಡಿ ಧೂಳು ಮೆತ್ತಿಕೊಂಡು ನಿಧಾನವಾಗಿ ತಿರುಗುತ್ತಿತ್ತು. ಗಾಜಿನ ಮೇಲಿನ ಅಕ್ಷರಗಳನ್ನು ಅವರು ಅಳಿಸಿರಲಿಲ್ಲ. ಅಣ್ಣ ನೋಡಲಿಲ್ಲ, ಅಥವಾ ನಾನು ನೋಡುವ ಮೊದಲೇ ನೋಡಿ ಮುಗಿಸಿದ್ದ.

ಅವ್ವ ಆಮೇಲೆ ಗಟ್ಟಿಯಾದಳು. ಎಂಟೊಂಬತ್ತು ವರ್ಷ ಚೆನ್ನಾಗಿಯೇ ಬದುಕಿದಳು. ಸುಳ್ಳು ಅವಳನ್ನು ಉಳಿಸಿತು, ಅದರಲ್ಲಿ ನನಗೆ ಅನುಮಾನವಿಲ್ಲ. ಆದರೆ ಉಳಿದವಳು ಸುಮ್ಮನಿರಲಿಲ್ಲ. ಮದುವೆ ಮನೆಯಲ್ಲಿ, ಮಠದ ಜಗಲಿಯಲ್ಲಿ, ಎಲೆ ಅಡಿಕೆ ಹಾಕಿಕೊಳ್ಳುವ ಕಡೆಯೆಲ್ಲ ಅದೇ ಕಥೆ. "ನನ್ನ ಮಗ ಚಿನ್ನದಂಥೋನು. ಆದ್ರೆ ವ್ಯವಹಾರ ಒಂದು ತಿಳಿಯಾಕಿಲ್ಲ. ರಸ್ತೆಗೆ ಬರದೇ ಇರೋ ಗಾಡಿ ಕೊಂಡ್ಬಂದ." ಕೇಳಿದವರು ಅಯ್ಯೋ ಎನ್ನುತ್ತಿದ್ದರು, ಅಣ್ಣನನ್ನು ನೋಡಿ ಮುಗುಳ್ನಗುತ್ತಿದ್ದರು. ಆಡಿದ್ದನ್ನೇ ಆಡಿದರೆ ಸುಳ್ಳಿಗೂ ಬೇರು ಬರುತ್ತದೆ. ಮಾಲೀಕರು ವ್ಯಾಪಾರ ಬಿಡುವಾಗ, ನೀನೇ ಈ ವ್ಯಾನ್ ಇಟ್ಟುಕೋ, ನಿಧಾನಕ್ಕೆ ಕೊಡು ಎಂದರು. ಮನೆಯಲ್ಲಿ ಎಲ್ಲರೂ ಬೇಡವೆಂದರು. ಅತ್ತಿಗೆಯೂ ಬೇಡವೆಂದಳು, ಅವಳಿಗೂ ನಿಜ ಗೊತ್ತಿರಲಿಲ್ಲ. ಅಣ್ಣ ಬೇಡ ಎಂದು ಹೇಳಿ ಬಂದು, ಇನ್ನೊಬ್ಬರ ಗಾಡಿಗೆ ಸೇರಿದ.

ಒಮ್ಮೆ ಅವ್ವ ನೆಂಟರ ಮುಂದೆ ಹೀಗೇ ಶುರುಮಾಡಿದಾಗ ನನಗೆ ತಡೆಯಲಾಗಲಿಲ್ಲ. "ಅವ್ವ, ಸಾಕು ನಿಲ್ಸು, ನಿಂಗೇನು ಗೊತ್ತು?" ಎಂದು ಕಿರುಚಿದೆ. ಅಣ್ಣ ಬಾಗಿಲ ಬಳಿ ನಿಂತಿದ್ದ. ಕಣ್ಣಲ್ಲೇ ಬೇಡ ಎಂದ. ಅವತ್ತು ನೆಂಟರೆದುರು ಹೆತ್ತ ತಾಯಿಗೆ ಎದುರಾಡಿದ ಹೆಸರು ನನಗೆ ಬಂತು.

ಅವ್ವ ತೀರಿಕೊಂಡ ಮೇಲೆ, ಕಾರ್ಯವೆಲ್ಲ ಮುಗಿದ ದಿನ, ಅಣ್ಣನನ್ನು ಹಿತ್ತಲಿಗೆ ಕರೆದು ಕೇಳಿದೆ. "ಇನ್ನಾದ್ರೂ ಹೇಳ್ಬುಡ್ಲಾ? ಅತ್ತಿಗೇಗಾದ್ರೂ?"

"ಹೋದೋರ ಮೇಲೆ ತಪ್ಪು ಯಾಕೆ ಹೊರಿಸೋದು. ಅವ್ಳಿಗೆ ಉತ್ರ ಹೇಳಕ್ಕೆ ಬಾಯಿ ಇದ್ಯಾ ಈಗ?" ಎಂದ. ತಾಯಿ ಮಗ ಇಬ್ಬರೂ ವಕೀಲರಾಗಬೇಕಾಗಿತ್ತು.

ಮುಂದಿನ ವರ್ಷ ಅವನ ಮಗಳು ಕಾಲೇಜು ಸೇರಿದಳು. ಓಡಾಡಲು ಒಂದು ಸ್ಕೂಟರ್ ಬೇಕಾಯಿತು. ಚೆಲುವಾದ ಹುಡುಗಿ, ಚುರುಕು, ಅಪ್ಪನೆಂದರೆ ಪ್ರಾಣ. ಒಂದು ಭಾನುವಾರ ನಾನು ಹೋದಾಗ ಅಣ್ಣ ಸ್ಕೂಟರ್ ಅಂಗಡಿಗಳಿಂದ ತಂದ ಬಣ್ಣಬಣ್ಣದ ಕಾಗದಗಳನ್ನೆಲ್ಲ ಚಾಪೆಯ ಮೇಲೆ ಹರಡಿಕೊಂಡು ಕನ್ನಡಕ ಹಾಕಿ ಕೂತಿದ್ದ. ಯಾವುದರ ಎಂಜಿನ್ನು ಹೇಗೆ, ಬೆಟ್ಟ ಹತ್ತಲು ಯಾವುದಾದೀತು ಎಂದು ನನಗೆ ಹೇಳತೊಡಗಿದ. ಎಷ್ಟು ವರ್ಷಗಳ ಮೇಲೆ ಅವನ ದನಿಯಲ್ಲಿ ಆ ಖುಷಿ ಕೇಳಿದೆನೋ. ಮಗಳು ಕಾಫಿ ತಂದಿಟ್ಟು, ಅವನ ಹೆಗಲ ಮೇಲೆ ಕೈ ಹಾಕಿ, ನನಗೆ ಹೇಳಿದಳು.

"ಅತ್ತೆ, ಶೋರೂಮಿಗೆ ನೀವು ಬನ್ನಿ. ಅಪ್ಪ ಬೇಡ. ಗಾಡಿ ಕೊಳ್ಳೋದು ಅಪ್ಪಂಗೆ ಗೊತ್ತಾಗಲ್ಲ, ಅಜ್ಜಿ ಯಾವಾಗ್ಲೂ ಹೇಳ್ತಿದ್ರಲ್ಲ."

ಕೆಣಕಲು ಹೇಳಿದ್ದಲ್ಲ. ನೋಯಿಸಲು ಹೇಳಿದ್ದಲ್ಲ. ಅಡುಗೆಗೆ ಉಪ್ಪು ಬೇಕು ಎನ್ನುವಷ್ಟು ಸಹಜವಾಗಿ ಹೇಳಿದ್ದಳು. ಸತ್ತುಹೋದ ನಮ್ಮವ್ವನ ಮೇಲೆ ಆ ಗಳಿಗೆಯಲ್ಲಿ ಬಂದಷ್ಟು ಸಿಟ್ಟು ಅವಳು ಬದುಕಿದ್ದಾಗ ನನಗೆಂದೂ ಬಂದಿರಲಿಲ್ಲ. ಬಾಯಿ ತೆರೆದೆ. ಅಣ್ಣ ನನ್ನ ಕಡೆ ನೋಡಲೇ ಇಲ್ಲ. ಕನ್ನಡಕ ತೆಗೆದು ಜೇಬಿನಲ್ಲಿಟ್ಟುಕೊಂಡ. ಚಾಪೆಯ ಮೇಲಿನ ಕಾಗದಗಳನ್ನು ಒಂದೊಂದಾಗಿ ಜೋಡಿಸಿ, ಅಂಚು ಸರಿಮಾಡಿ, ಮಗಳ ಕೈಗೆ ಕೊಟ್ಟ.

"ಹೂಂ ಕಣಮ್ಮ, ಅತ್ತೇನೇ ಕರ್ಕೊಂಡ್ಹೋಗು," ಎಂದ.